ಉಗಿಯಲ್ಲಿ ಬೆಂದ ಮೀನಿನ ವಡಿ

ಮುಳ್ಳು ತೆಗೆದ ಮೀನಿನ ತಿರುಳಿಗೆ ಮಸಾಲೆ ಕೂಡಿಸಿ, ನಾದಿ, ದಿಂಡಿನಂತೆ ಉದ್ದಕ್ಕೆ ಕಟ್ಟಿ ಬೇಯಿಸಿ, ಆರಿದ ಮೇಲೆ ಹೋಳು ಮಾಡಿ ತಿನ್ನುವ ಪದಾರ್ಥಕ್ಕೆ ಮೀನಿನ ವಡಿ ಎನ್ನಬಹುದು. ಯಾದಗಿರಿ, ಶಹಾಪುರ, ಸುರಪುರದ ಕಡೆ ವಡಿ ಎಂಬ ಮಾತಿಗೆ ಅರ್ಥ ಬಿಡಿಸಿ ಹೇಳಬೇಕಾಗಿಲ್ಲ. ಜುಣಕದ ವಡಿ ತಾಟಿನಲ್ಲಿ ತಟ್ಟಿ ಕೊಯ್ಯುವಂಥದು, ಕೊತ್ತಂಬರಿ ವಡಿ ಉಗಿಯಲ್ಲಿ ಬೆಂದು ಹೋಳಾಗುವಂಥದು. ಮಟನ್ ಖೀಮಾದ ಉಂಡಿಯೂ ಈ ಸೀಮೆಗೆ ಗೊತ್ತಿರುವುದೇ. ಮೀನು ಮಾತ್ರ ಇಲ್ಲಿ ಹೆಚ್ಚಾಗಿ ಎರಡೇ ದಾರಿ ಹಿಡಿಯುತ್ತದೆ: ಹುಣಸೆಹುಳಿ ಹಿಂಡಿದ ಸಾರು, ಇಲ್ಲವೆ ಖಾರ ಹಚ್ಚಿ ಎಣ್ಣೆಯಲ್ಲಿ ಹುರಿದ ತುಂಡು. ಮೂರನೆಯ ದಾರಿ ಬೇಕಾಗುವುದು ಮುಳ್ಳಿನ ಕಾರಣಕ್ಕೆ. ಸಣ್ಣ ಮಕ್ಕಳಿಗೆ, ಹಲ್ಲು ಹೋದ ಹಿರಿಯರಿಗೆ, ಕಣ್ಣು ಮಂಜಾದವರಿಗೆ ಮುಳ್ಳು ಬಿಡಿಸಿ ತಿನ್ನುವುದು ಕಷ್ಟ. ತಿರುಳನ್ನೇ ಬೇರೆ ಮಾಡಿ ವಡಿ ಕಟ್ಟಿದರೆ ಆ ಅಂಜಿಕೆ ಬಹುಮಟ್ಟಿಗೆ ಇಲ್ಲ.

ಯಾದಗಿರಿ ಜಿಲ್ಲೆಯ ಮೀನು ಕೃಷ್ಣೆ, ಭೀಮೆಯರದು ಮತ್ತು ಕೆರೆಗಳದು. ಕೃಷ್ಣೆಗೆ ನಾರಾಯಣಪುರದ ಬಳಿ ಕಟ್ಟಿದ ಬಸವಸಾಗರ ಜಲಾಶಯ 1982ರಲ್ಲಿ ಪೂರ್ಣಗೊಂಡಿತು. ಅದರ ಎಡದಂಡೆ ಕಾಲುವೆ ಸುರಪುರ, ಶಹಾಪುರದ ಕರಿಮಣ್ಣಿಗೆ ನೀರು ತಂದು ಜೋಳದ ಹೊಲಗಳ ನಡುವೆ ಭತ್ತದ ಗದ್ದೆ ಎಬ್ಬಿಸಿತು. ಮೀನಿನ ಸಂತೆಯೂ ಬದಲಾಯಿತು. ಇಂದು ಬುಟ್ಟಿಯಲ್ಲಿ ಮೊದಲು ಕಾಣುವ ಕಾಟ್ಲಾ, ರಹೂ, ಮೃಗಾಲ್ ಮೂರೂ ಮೂಲದಲ್ಲಿ ಗಂಗಾ ಬಯಲಿನ ಗೆಂಡೆ ಜಾತಿಯವು. ನಿಂತ ನೀರಿನಲ್ಲಿ ಅವು ತಾವಾಗಿ ಮೊಟ್ಟೆ ಇಡುವುದಿಲ್ಲ. 1957ರ ಜುಲೈ 10ರಂದು ಒಡಿಶಾದಲ್ಲಿ ಹೀರಾಲಾಲ್ ಚೌಧುರಿ ಮತ್ತು ಕೆ. ಎಚ್. ಆಲಿಕುಂಞಿ ಅವರು ಪಿಟ್ಯೂಟರಿ ಗ್ರಂಥಿಯ ರಸ ಚುಚ್ಚಿ ಗೆಂಡೆಗಳಿಂದ ಮೊಟ್ಟೆ ಇಡಿಸಿದರು. ಮರಿಗಳನ್ನು ಕೈಯಾರೆ ಬೆಳೆಸಿ ದೂರದ ಕೆರೆ, ಜಲಾಶಯಗಳಿಗೆ ಬಿಡುವುದು ಸುಲಭವಾದದ್ದು ಅಲ್ಲಿಂದ ಮುಂದೆ. ಉತ್ತರದ ಮೀನು ಕೃಷ್ಣೆಯ ದಂಡೆಯವರ ದಿನದ ಮೀನಾದ ಕಥೆ ಇದು.

ನದಿಯ ಹಳೆಯ ಮೀನುಗಳಲ್ಲಿ ಬಾಳೆ ಮೀನು, ಮರಲ್‌ಗೆ ಸಣ್ಣ ಮುಳ್ಳು ಕಡಿಮೆ. ಅವು ಸಿಕ್ಕರೆ ತುಂಡಾಗಿಯೇ ಬೇಯಿಸುವುದು ಸರಿ, ವಡಿಗೆ ಅರೆಯುವುದು ದಂಡ. ವಡಿ ಮಾಡುವುದಿದ್ದರೆ ಗೆಂಡೆಯೇ ತಕ್ಕದ್ದು. ಕಾಟ್ಲಾ, ರಹೂ, ಹುಲ್ಲುಗೆಂಡೆಗಳಲ್ಲಿ ಪಕ್ಕೆಲುಬಿನ ದೊಡ್ಡ ಮುಳ್ಳಿನ ಜೊತೆಗೆ ಮಾಂಸದೊಳಗೇ ಹುದುಗಿದ, ಕವಲೊಡೆದ ಕೂದಲಿನಂಥ ಮುಳ್ಳುಗಳಿರುತ್ತವೆ. ಬೆನ್ನಿನ ಕಡೆ, ಬಾಲದ ಕಡೆ ಅವು ದಟ್ಟ. ಎಷ್ಟು ಹುಷಾರಾಗಿ ಕೊಯ್ದರೂ ತುಂಡಿನಲ್ಲಿ ಉಳಿದೇ ಉಳಿಯುತ್ತವೆ. ತೂಕ ಒಂದು ಕಿಲೋಗಿಂತ ಹೆಚ್ಚಿದ್ದಷ್ಟೂ ಮುಳ್ಳು ದಪ್ಪ, ಬೇರೆ ಮಾಡಲು ಸುಲಭ. ಅಂಗೈಯಗಲದ ಮರಿಗೆಂಡೆಯನ್ನು ಈ ಕೆಲಸಕ್ಕೆ ತರುವುದು ಬೇಡ.

ಮೀನು ಸ್ವತಃ ಹಗುರ. ಹೈದರಾಬಾದಿನ ರಾಷ್ಟ್ರೀಯ ಪೋಷಣಾ ಸಂಸ್ಥೆಯ ಹಳೆಯ ಕೋಷ್ಟಕದಲ್ಲಿ 100 ಗ್ರಾಂ ರಹೂ ಮೀನಿಗೆ 97 ಕ್ಯಾಲರಿ, 16.6 ಗ್ರಾಂ ಪ್ರೋಟೀನು, ಬರೀ 1.4 ಗ್ರಾಂ ಕೊಬ್ಬು ಎಂದಿದೆ. ಕಾಟ್ಲಾಕ್ಕೆ ಕೊಬ್ಬು 2.4 ಗ್ರಾಂ. ತಟ್ಟೆಗೆ ಬರುವ ಹೊತ್ತಿಗೆ ಅದು ಭಾರವಾಗುವುದು ನಾವು ಕೂಡಿಸುವ ಸರಕಿನಿಂದ. ಮೀನಿನ ಉಂಡಿಯನ್ನೋ ಕಟ್ಲೆಟ್ಟನ್ನೋ ಮಾಡುವ ವಾಡಿಕೆಯ ಕ್ರಮ ಹೀಗೆ: ಮೀನನ್ನು ಮೊದಲು ಕುದಿಸಿ, ಬೆಂದ ತಿರುಳನ್ನು ಬಿಡಿಸಿ, ಕಡಲೆಹಿಟ್ಟೋ ಬಟಾಟೆಯೋ ಹಾಕಿ, ತತ್ತಿ ಒಡೆದು ಕಲಸಿ, ಎಣ್ಣೆಯಲ್ಲಿ ಕರಿಯುವುದು. ಅರ್ಧ ಕಿಲೋ ತಿರುಳಿಗೆ 150 ಗ್ರಾಂ ಕಡಲೆಹಿಟ್ಟು, ಎರಡು ತತ್ತಿ, ಕರಿಯುವಾಗ ಹೀರಿಕೊಳ್ಳುವ ನಾಲ್ಕು ದೊಡ್ಡ ಚಮಚ ಎಣ್ಣೆ ಎಂದು ಹಿಡಿದರೆ ಮೀನಿನಿಂದ ಬರುವುದು 500 ಕ್ಯಾಲರಿ. ಹಿಟ್ಟಿನಿಂದ 550, ಎಣ್ಣೆಯಿಂದ 500, ತತ್ತಿಯಿಂದ 150. ಹೆಸರಿಗೆ ಮೀನಿನ ಉಂಡಿ. ಮೂರರಲ್ಲಿ ಎರಡು ಪಾಲು ಮೀನಲ್ಲ.

ಎಣ್ಣೆ ಬದಲಿಸಿದರೆ ಭಾರ ಇಳಿಯುತ್ತದೆ ಎನ್ನುವವರಿದ್ದಾರೆ. ಕುಸುಬಿ ಎಣ್ಣೆಯಾಗಲಿ, ಶೇಂಗಾ ಎಣ್ಣೆಯಾಗಲಿ, ಅಂಗಡಿಯ ಪಾಕೀಟಿನ ಸೂರ್ಯಕಾಂತಿ ಎಣ್ಣೆಯಾಗಲಿ, ಗ್ರಾಮಿಗೆ 9 ಕ್ಯಾಲರಿಯೇ. ಕುಸುಬಿಯ ವಾಸನೆ ಈ ಸೀಮೆಯ ನಾಲಗೆಗೆ ಒಗ್ಗಿದ್ದು ಎಂಬುದು ಬೇರೆ ಮಾತು. ಮಸಾಲೆ ಕಡಿಮೆ ಮಾಡುವುದರಿಂದಲೂ ಏನೂ ಸಿಗದು. ಖಾರ, ಬಳ್ಳೊಳ್ಳಿ, ಜೀರಿಗೆಗಳಿಂದ ಬರುವ ಕ್ಯಾಲರಿ ಲೆಕ್ಕಕ್ಕಿಲ್ಲ. ಹಗುರ ಅಡುಗೆ ಎಂದರೆ ಸಪ್ಪೆ ಅಡುಗೆ ಎಂಬ ಭಾವನೆ ಆಸ್ಪತ್ರೆಯ ಊಟದಿಂದ ಬಂದದ್ದಿರಬೇಕು. ತಿದ್ದಬೇಕಾದದ್ದು ಬೇರೆ ಕಡೆ ಇದೆ: ಮೀನನ್ನು ಮೊದಲೇ ಕುದಿಸುವ ಆ ಒಂದು ಹೆಜ್ಜೆಯಲ್ಲಿ.

ಬೆಂದ ಮೀನಿಗೆ ಅಂಟು ಇರುವುದಿಲ್ಲ. ಹಸಿ ಮೀನಿನ ಮಾಂಸದಲ್ಲಿ ಮಯೋಸಿನ್ ಎಂಬ ಪ್ರೋಟೀನು ಇದೆ. ಉಪ್ಪು ಹಾಕಿ ನಾದಿದಾಗ ಅದು ಮಾಂಸದ ಎಳೆಗಳಿಂದ ಹೊರಬಂದು ನೀರಿನಲ್ಲಿ ಕರಗಿ ಜಿಗುಟಾಗುತ್ತದೆ. ಕಾವು ತಗುಲಿದಾಗ ಆ ಜಿಗುಟು ಗಟ್ಟಿಯಾಗಿ, ಬಲೆ ಹೆಣೆದಂತೆ ನೀರನ್ನು ತನ್ನೊಳಗೆ ಹಿಡಿದಿಡುತ್ತದೆ. ಒಮ್ಮೆ ಕುದಿದ ಮೀನಿನಲ್ಲಿ ಈ ಪ್ರೋಟೀನು ಆಗಲೇ ಗಟ್ಟಿಯಾಗಿ ಹೋಗಿರುತ್ತದೆ, ಮತ್ತೆ ಎಷ್ಟು ನಾದಿದರೂ ಪುಡಿಪುಡಿ. ಅದನ್ನು ಕೂಡಿಸಲು ಹಿಟ್ಟು ಬೇಕು, ಹಿಟ್ಟು ಒಣಗಬಾರದೆಂದು ಎಣ್ಣೆ ಬೇಕು. ಹಸಿ ತಿರುಳಿನಿಂದಲೇ ಶುರುಮಾಡಿದರೆ ಎರಡಕ್ಕೂ ಹೆಚ್ಚು ಕೆಲಸವಿಲ್ಲ. ಜಪಾನಿನ ಕಾಮಾಬೊಕೊ ಎಂಬ ಮೀನಿನ ದಿಂಡು ಇದೇ ಗುಣದ ಮೇಲೆ ನಿಂತಿದೆ. ಎಣ್ಣೆ, ಬೆಣ್ಣೆ ಇಲ್ಲದೆ ಉಗಿಯಲ್ಲಿ ಬೆಂದು ರಬ್ಬರಿನಂತೆ ಪುಟಿಯುತ್ತದೆ. ನಾರ್ವೆಯವರು ತಮ್ಮ ಮೀನಿನ ದಿಂಡಿಗೆ ಹಾಲು, ಕೆನೆ ಸುರಿಯುತ್ತಾರೆ. ಅಲ್ಲಿಯ ಚಳಿಗೆ ಅದು ಸರಿಯಿರಬಹುದು, ಯಾದಗಿರಿಯ ಬೇಸಗೆಗೆ ಜಪಾನಿನ ದಾರಿಯೇ ಮೇಲು.

ಮೊದಲ ಕೆಲಸ ಮೀನು ಹಸನು ಮಾಡುವುದು. ಹುರುಪೆ ತೆಗೆದು, ಹೊಟ್ಟೆ ಸೀಳುವಾಗ ಪಿತ್ತದ ಚೀಲ ಒಡೆಯದಂತೆ ನೋಡಿಕೊಳ್ಳಬೇಕು. ಹಸಿರು ಬಣ್ಣದ ಆ ಸಣ್ಣ ಚೀಲ ಒಡೆದರೆ ಸುತ್ತಲಿನ ಮಾಂಸವೆಲ್ಲ ಕಹಿ. ಕಹಿಯಷ್ಟೇ ಆದರೆ ತೊಳೆದು ಬಿಡಬಹುದು. ಗೆಂಡೆ ಜಾತಿಯ ಮೀನಿನ ಪಿತ್ತ ವಿಷವೂ ಹೌದು. ಔಷಧವೆಂದು ಅದನ್ನು ಹಸಿಯಾಗಿ ನುಂಗಿ ಮೂತ್ರಪಿಂಡ ಕೆಟ್ಟು ಆಸ್ಪತ್ರೆ ಸೇರಿದವರ ವರದಿಗಳು ಭಾರತದಲ್ಲೇ ಇವೆ. ಚೀಲವನ್ನು ಇಡಿಯಾಗಿ ತೆಗೆದು ದೂರ ಒಗೆಯಬೇಕು. ಕೆರೆಯ ಮೀನಿಗೆ ಬರುವ ಕೆಸರು ವಾಸನೆ ನೀರಿನ ಪಾಚಿಯಂಥ ಸೂಕ್ಷ್ಮಜೀವಿಗಳಿಂದ ಹುಟ್ಟಿದ್ದು. ಅದು ಚರ್ಮದಲ್ಲಿ, ಚರ್ಮದ ಕೆಳಗಿನ ಕೊಬ್ಬಿನಲ್ಲಿ, ಪಕ್ಕೆಯ ನಡುವೆ ಉದ್ದಕ್ಕೂ ಹೋಗುವ ಕೆಂಪು ಮಾಂಸದಲ್ಲಿ ಹೆಚ್ಚು. ಚರ್ಮವನ್ನೂ ಆ ಕೆಂಪು ಪಟ್ಟಿಯನ್ನೂ ಬಿಟ್ಟು ಬಿಳಿ ತಿರುಳನ್ನಷ್ಟೇ ತೆಗೆದುಕೊಂಡರೆ ವಾಸನೆ ಬಹುಪಾಲು ಹೋಗುತ್ತದೆ. ಒಂದು ಕಿಲೋ ಮೀನಿನಲ್ಲಿ ಹೀಗೆ ಸಿಗುವ ತಿರುಳು 400 ಗ್ರಾಮಿನ ಆಸುಪಾಸು.

ತಿರುಳು ತೆಗೆಯುವುದು ಕೊಯ್ದಲ್ಲ, ಕೆರೆದು. ನಡುಮುಳ್ಳಿನ ಎರಡೂ ಬದಿಗೆ ಮೀನನ್ನು ಹಾಳೆಯಂತೆ ಬಿಡಿಸಿ, ಚರ್ಮ ಕೆಳಗಾಗಿ ಮಣೆಯ ಮೇಲೆ ಹಾಸಬೇಕು. ಬೆರಳಾಡಿಸಿದರೆ ಮುಳ್ಳು ಯಾವ ದಿಕ್ಕಿಗೆ ಮಲಗಿದೆ ಎಂದು ತಿಳಿಯುತ್ತದೆ: ಒಂದು ಕಡೆಯಿಂದ ಸವರಿದರೆ ನುಣುಪು, ಎದುರಿನಿಂದ ಸವರಿದರೆ ಚುಚ್ಚುತ್ತದೆ. ನುಣುಪಾದ ದಿಕ್ಕಿಗೆ ಸ್ಟೀಲ್ ಚಮಚದ ಅಂಚನ್ನು ಓರೆಯಾಗಿ ಹಿಡಿದು ಹಗುರಾಗಿ ಕೆರೆಯುತ್ತ ಹೋದರೆ ಬಿಳಿ ತಿರುಳು ಬೆಣ್ಣೆಯಂತೆ ಚಮಚದ ಮೇಲೆ ಸುರುಳಿಗಟ್ಟುತ್ತದೆ. ಮುಳ್ಳು ಬಾಚಣಿಗೆಯ ಹಲ್ಲಿನಂತೆ ಚರ್ಮಕ್ಕೇ ಅಂಟಿಕೊಂಡು ಉಳಿಯುತ್ತದೆ. ಅವಸರಪಟ್ಟು ಒತ್ತಿದರೆ ಮುಳ್ಳೂ ಕಿತ್ತು ಬರುತ್ತದೆ. ಕೆಂಪು ಪಟ್ಟಿ ಕಾಣತೊಡಗಿದಲ್ಲಿಗೆ ನಿಲ್ಲಿಸುವುದು. ತೆಗೆದ ತಿರುಳನ್ನು ಬೆರಳ ನಡುವೆ ಹಿಚುಕಿ ಒಮ್ಮೆ ನೋಡಿಕೊಂಡರೆ ತಪ್ಪಿಸಿಕೊಂಡ ಒಂದೆರಡು ಮುಳ್ಳೂ ಕೈಗೆ ಹತ್ತುತ್ತವೆ. ಇಷ್ಟಾದರೂ ಕೂಸಿಗೆ ತಿನ್ನಿಸುವ ಮುಂಚೆ ಹೋಳನ್ನು ಮುರಿದು ನೋಡುವುದು ಒಳ್ಳೆಯದು.

ಅರ್ಧ ಕಿಲೋ ತಿರುಳಿಗೆ 7 ಗ್ರಾಂ ಉಪ್ಪು, ಎಂದರೆ ಚಹಾ ಚಮಚದಲ್ಲಿ ಒಂದೂಕಾಲು. ಬೇರೆ ಏನನ್ನೂ ಹಾಕುವ ಮುಂಚೆ ಉಪ್ಪು ಬೀಳಬೇಕು, ಏಕೆಂದರೆ ಪ್ರೋಟೀನನ್ನು ಹೊರಗೆಳೆಯುವುದು ಅದೇ. ಹಿಟ್ಟು ಮೊದಲು ಬಿದ್ದರೆ ಇದ್ದ ನೀರನ್ನು ಅದು ಕುಡಿದುಬಿಡುತ್ತದೆ. ಉಪ್ಪು ಹಾಕಿದ ತಿರುಳನ್ನು ಒರಳಿನಲ್ಲಿ ಕುಟ್ಟಬಹುದು, ಇಲ್ಲವೆ ಮಿಕ್ಸರಿನಲ್ಲಿ ನಿಲ್ಲಿಸಿ ನಿಲ್ಲಿಸಿ ತಿರುವಬಹುದು. ಮಿಕ್ಸರಿನ ಅಲಗು ಬಿಸಿಯೇರುತ್ತದೆ, ಮೀನಿನ ಪ್ರೋಟೀನಿಗೆ ಬಿಸಿಯಾಗದು. ಹೊರಗೆ 40 ಡಿಗ್ರಿ ದಾಟಿದ ದಿನ ಪಾತ್ರೆಯನ್ನು ಬರ್ಫಿನ ನೀರಿನ ಪರಾತದಲ್ಲಿಟ್ಟು ನಾದುವುದೇ ಸರಿ. ನಡುನಡುವೆ ಒಂದೊಂದು ಚಮಚದಂತೆ ಒಟ್ಟು 50 ಮಿಲಿಲೀಟರ್ ತಣ್ಣೀರು ಕುಡಿಸುತ್ತ, ಒಂದೇ ದಿಕ್ಕಿಗೆ ಕೈಯಾಡಿಸುತ್ತ, ತಿರುಳನ್ನು ಎತ್ತಿ ಪಾತ್ರೆಗೆ ಬಡಿಯುತ್ತ ಹತ್ತು ಹನ್ನೆರಡು ನಿಮಿಷ. ಮೊದಲು ಒರಟಾಗಿದ್ದ ತಿರುಳು ಬರಬರುತ್ತ ಹೊಳಪೇರಿ ಕೈಗೆ ಜಗ್ಗತೊಡಗುತ್ತದೆ. ಸಾಕೋ ಇಲ್ಲವೋ ತಿಳಿಯಲು ಕಡಲೆ ಗಾತ್ರದ ಚೂರನ್ನು ಚಂಬಿನ ತಣ್ಣೀರಿಗೆ ಹಾಕುವುದು. ಮುಳುಗಿದರೆ ಇನ್ನೂ ನಾದಬೇಕು, ತೇಲಿದರೆ ಒಳಗೆ ಗಾಳಿ ಸೇರಿದೆ, ವಡಿ ಮೆತ್ತಗೆ ಬರುತ್ತದೆ. ಚೀನಾದಲ್ಲಿ ಮೀನಿನ ಉಂಡೆ ಕಟ್ಟುವವರ ಪರೀಕ್ಷೆಯೂ ಇದೇ.

ಇದಾದ ಮೇಲೆ ಒಂದು ತತ್ತಿಯ ಬಿಳಿ, ಎರಡು ದೊಡ್ಡ ಚಮಚ ಅಕ್ಕಿಹಿಟ್ಟು. ಜೋಳದ ಹಿಟ್ಟೂ ನಡೆಯುತ್ತದೆ, ಬಣ್ಣ ತುಸು ಕಂದು ತಿರುಗುತ್ತದೆ ಅಷ್ಟೆ. ಮಸಾಲೆಗೆ ಆರು ಎಸಳು ಬಳ್ಳೊಳ್ಳಿ, ಹೆಬ್ಬೆರಳಿನ ಗೆಣ್ಣಿನಷ್ಟು ಹಸಿ ಶುಂಠಿ, ಎರಡು ಹಸಿಮೆಣಸಿನಕಾಯಿ ಅರೆದದ್ದು, ಒಂದು ಚಹಾ ಚಮಚ ಕೆಂಪು ಖಾರ, ಅರ್ಧ ಚಮಚ ಹುರಿದ ಜೀರಿಗೆ ಪುಡಿ, ಚಿಟಿಕೆ ಅರಿಸಿನ, ಒಂದು ಹಿಡಿ ಕೊತ್ತಂಬರಿ. ಸೊಪ್ಪಿನಲ್ಲಿ ನೀರು ಒಂದಿಷ್ಟೂ ನಿಲ್ಲದಂತೆ ಒರೆಸಿ ಹೆಚ್ಚಬೇಕು. ಉಳ್ಳಾಗಡ್ಡಿಯನ್ನು ಹಸಿಯಾಗಿ ಹಾಕಿದರೆ ಬೇಯುವಾಗ ನೀರು ಬಿಟ್ಟು ವಡಿ ಸೀಳುತ್ತದೆ. ಬೇಕೇ ಬೇಕೆಂದರೆ ಇಡೀ ಗಡ್ಡೆಯನ್ನು ಕೆಂಡದಲ್ಲೋ ಹಂಚಿನ ಮೇಲೋ ಸುಟ್ಟು, ಹಿಂಡಿ, ಅರೆದು ಹಾಕುವುದು. ಲಿಂಬೆಹುಳಿ, ಹುಣಸೆಹುಳಿ ಈ ಹಂತದಲ್ಲಿ ಬೇಡವೇ ಬೇಡ. ಹುಳಿ ತಾಗಿದ ಹಸಿ ಮೀನಿನ ಪ್ರೋಟೀನು ಒಡೆದ ಹಾಲಿನಂತೆ ಕಾಳುಗಟ್ಟುತ್ತದೆ. ಹುಳಿ ಇಲ್ಲದ ಮೀನು ಈ ಸೀಮೆಯವರಿಗೆ ಮೀನೇ ಅಲ್ಲ ನಿಜ. ಅದಕ್ಕೆ ಜಾಗ ಮುಂದೆ ಸಾರಿನಲ್ಲಿದೆ.

ಕೈಗೆ ನೀರು ಹಚ್ಚಿಕೊಂಡು ಹಿಟ್ಟನ್ನು ಎರಡು ದಿಂಡು ಮಾಡಬೇಕು, ಗೇಣುದ್ದ, ಎರಡು ಇಂಚು ದಪ್ಪ. ಒಳಗೆ ದೊಡ್ಡ ಗಾಳಿಗುಳ್ಳೆ ನಿಲ್ಲದಂತೆ ಒತ್ತಿ, ತೆಳ್ಳನೆಯ ಒದ್ದೆ ಬಟ್ಟೆಯಲ್ಲಿ ಸುತ್ತಿ ಎರಡೂ ತುದಿ ಕಟ್ಟುವುದು. ಬಟ್ಟೆಯ ಬದಲು ಮುತ್ತಲ ಎಲೆಯಲ್ಲಿ ಸುತ್ತಿ ದಾರ ಬಿಗಿದರೂ ಆದೀತು. ಪತ್ರಾವಳಿಯ ಕಾಲ ಕಳೆದರೂ ಎಲೆ ಕೆಲವೆಡೆ ಇನ್ನೂ ಸಿಗುತ್ತದೆ, ಬೆಂದಾಗ ತನ್ನದೊಂದು ನಸುವಾಸನೆ ಬಿಡುತ್ತದೆ. ಕಟ್ಟಿದ ದಿಂಡನ್ನು ಹದಿನೈದು ನಿಮಿಷ ಹಾಗೆಯೇ ಬಿಟ್ಟರೆ ಸುಮಾರು 40 ಡಿಗ್ರಿಯ ಕಾವಿನಲ್ಲಿ ಪ್ರೋಟೀನಿನ ಬಲೆ ತಾನಾಗಿ ಹೆಣೆದುಕೊಳ್ಳತೊಡಗುತ್ತದೆ. ಜಪಾನಿನವರು ಇದಕ್ಕಾಗಿ ಬಿಸಿ ಕೋಣೆ ಇಟ್ಟುಕೊಳ್ಳುತ್ತಾರೆ, ಶಹಾಪುರದಲ್ಲಿ ಏಪ್ರಿಲ್ ತಿಂಗಳ ಪಡಸಾಲೆ ಸಾಕು. ಹದಿನೈದು ನಿಮಿಷಕ್ಕಿಂತ ಹೆಚ್ಚು ಬಿಡುವುದು ಮಾತ್ರ ಅಪಾಯ, ಹಸಿ ಮೀನು ಕೆಡುತ್ತದೆ.

ಡಬರಿಯಲ್ಲಿ ನೀರು ಕುದಿದು ಉಗಿ ಜೋರಾಗಿ ಎದ್ದ ಮೇಲೆಯೇ ದಿಂಡನ್ನು ಒಳಗಿಡಬೇಕು. ತಣ್ಣೀರಿನ ಮೇಲಿಟ್ಟು ನಿಧಾನಕ್ಕೆ ಕಾಯಿಸಿದರೆ ಕೆಲಸ ಕೆಡುತ್ತದೆ. 50ರಿಂದ 70 ಡಿಗ್ರಿಯ ನಡುವೆ ಮೀನಿನೊಳಗಿನ ಕಿಣ್ವಗಳು ಚುರುಕಾಗಿ, ಹೆಣೆದ ಬಲೆಯನ್ನೇ ಕತ್ತರಿಸುತ್ತವೆ. ಆ ಮಜಲನ್ನು ಬೇಗ ದಾಟಿಸಬೇಕು. ಜಾಲರಿ ಇಲ್ಲದ ಮನೆಯಲ್ಲಿ ಇಡ್ಲಿ ಪಾತ್ರೆಯೋ, ಡಬರಿಯ ಬಾಯಿಗೆ ಕೂರುವ ಸಾಣಿಗೆಯೋ ಆಗುತ್ತದೆ. ಮುಚ್ಚಳದ ಒಳಗೆ ಒಣ ಬಟ್ಟೆ ಕಟ್ಟಿದರೆ ಹನಿ ದಿಂಡಿನ ಮೇಲೆ ಬೀಳುವುದಿಲ್ಲ. ಇಪ್ಪತ್ತೈದು ನಿಮಿಷಕ್ಕೆ ಎರಡಿಂಚಿನ ದಿಂಡು ನಡುವಿನವರೆಗೂ ಬೇಯುತ್ತದೆ. ದಬ್ಬಣ ಚುಚ್ಚಿ ತೆಗೆದರೆ ಹಸಿ ಅಂಟು ಇರಬಾರದು, ತುದಿ ಕೈಗೆ ಚುರುಕ್ಕೆನ್ನಬೇಕು. ಸಿಹಿನೀರಿನ ಮೀನಿನಲ್ಲಿ ಪರಾವಲಂಬಿ ಹುಳುಗಳ ಸಾಧ್ಯತೆ ಇರುವುದರಿಂದ ಅರೆಬೆಂದದ್ದನ್ನು ತಿನ್ನುವಂತಿಲ್ಲ.

ಇಳಿಸಿದ ಕೂಡಲೇ ಕೊಯ್ದರೆ ಹೋಳು ಹರಿದುಹೋಗುತ್ತದೆ. ಅರ್ಧ ತಾಸು ಆರಬೇಕು. ಆಮೇಲೆ ಬಟ್ಟೆ ಬಿಚ್ಚಿ, ಚಾಕುವಿಗೆ ನೀರು ಸವರಿ ಬೆರಳ ದಪ್ಪಕ್ಕೆ ಹೋಳು ಮಾಡುವುದು. ಸರಿಯಾಗಿ ಬಂದ ಹೋಳು ಕೊತ್ತಂಬರಿಯ ಹಸಿರು ಚುಕ್ಕೆ, ಸಾಸಿವೆ ಗಾತ್ರದ ಗಾಳಿಗುಂಡಿಗಳಿಂದ ಕೂಡಿರುತ್ತದೆ. ಹೆಬ್ಬೆರಳಿನಿಂದ ಒತ್ತಿ ಬಿಟ್ಟರೆ ಮೇಲಕ್ಕೆ ಪುಟಿಯುತ್ತದೆ. ಮೇಲ್ಮೈ ಕೆಂಪಗೆ ಗರಿಯಾಗಬೇಕೆನ್ನುವವರಿಗೆ ರೊಟ್ಟಿಯ ಹಂಚು ಇದೆ. ಉಳ್ಳಾಗಡ್ಡಿಯ ಅರ್ಧ ಹೋಳನ್ನು ಎಣ್ಣೆಗೆ ಅದ್ದಿ ಕಾದ ಹಂಚಿಗೆ ಒರೆಸಿದರೆ ಇಡೀ ತಾಟಿಗೆ ಒಂದು ಚಹಾ ಚಮಚ ಎಣ್ಣೆ ಮುಗಿಯುವುದಿಲ್ಲ. ಒಳಗೆ ಆಗಲೇ ಬೆಂದಿರುವುದರಿಂದ ಹಂಚಿನ ಮೇಲೆ ಮಗ್ಗುಲಿಗೆ ಒಂದು ನಿಮಿಷ ಸಾಕು. ಇಷ್ಟನ್ನೂ ಕೂಡಿಸಿದರೆ ಅರ್ಧ ಕಿಲೋ ತಿರುಳಿನ ವಡಿಗೆ ಸುಮಾರು 630 ಕ್ಯಾಲರಿ. ಮೊದಲು ಹೇಳಿದ ಕರಿದ ಉಂಡಿಗೆ 1,700. ಐದು ಜನರಿಗೆ ಹಂಚಿದರೆ ತಲೆಗೆ 126, ಅಲ್ಲಿ 340.

ತಲೆ, ನಡುಮುಳ್ಳು, ಕೆರೆದುಳಿದ ಚೂರು ಚೆಲ್ಲುವಂಥವಲ್ಲ. ಕಿವಿರು ತೆಗೆದು, ನೀರು, ಅರಿಸಿನ, ಜಜ್ಜಿದ ಬಳ್ಳೊಳ್ಳಿಯೊಂದಿಗೆ ಇಪ್ಪತ್ತು ನಿಮಿಷ ಕುದಿಸಿ, ಮುಳ್ಳು ಬೀಳದಂತೆ ಬಟ್ಟೆಯಲ್ಲಿ ಸೋಸಿಕೊಂಡರೆ ಸಾರಿಗೆ ತಳಹದಿ ಸಿದ್ಧ. ಮೀನಿನ ಸಾರು ಇಲ್ಲಿ ಗಟ್ಟಿಯಾಗುವುದು ಒಣಕೊಬ್ಬರಿ, ಶೇಂಗಾ, ಎಳ್ಳು ಅರೆದು ಹಾಕುವುದರಿಂದ. ಒಣಕೊಬ್ಬರಿಯ ತೂಕದಲ್ಲಿ ಅರ್ಧಕ್ಕೂ ಹೆಚ್ಚು ಕೊಬ್ಬೇ ಇದೆ. ಕರಿಯುವುದನ್ನು ಬಿಟ್ಟು ಉಳಿಸಿದ ಎಣ್ಣೆ ಸಾರಿನ ದಾರಿಯಲ್ಲಿ ಮರಳಿ ಬಂದರೆ ಪಟ್ಟ ಕಷ್ಟ ವ್ಯರ್ಥ. ಎರಡು ಉಳ್ಳಾಗಡ್ಡಿಯನ್ನು ಕಪ್ಪಾಗುವಂತೆ ಸುಟ್ಟು ಅರೆದು, ಒಂದು ಚಮಚ ಹುರಿದ ಜೋಳದ ಹಿಟ್ಟು ಕದಡಿದರೆ ಸಾರು ಮೈ ಹಿಡಿಯುತ್ತದೆ. ಕೊಬ್ಬರಿಯ ರುಚಿಯೇ ಬೇಕೆನ್ನುವವರು ಬಟ್ಟಲಿನ ಬದಲು ಒಂದು ಚಮಚದಲ್ಲಿ ನಿಲ್ಲಿಸಲಿ. ಹುಣಸೆಹುಳಿ, ಖಾರ ಎಂದಿನಂತೆ. ಕುದಿಯುವ ಸಾರಿಗೆ ವಡಿಯ ಹೋಳು ಬಿಟ್ಟು ಎರಡು ನಿಮಿಷಕ್ಕೆ ಇಳಿಸಿದರೆ ಹುಳಿ ಒಳಗಿಳಿಯುತ್ತದೆ. ಆಗಲೇ ಗಟ್ಟಿಯಾದ ವಡಿಯನ್ನು ಹುಳಿ ಏನೂ ಮಾಡದು.

ಉಪ್ಪಿನ ಲೆಕ್ಕ ಮಾತ್ರ ತುಸು ಜಟಿಲ. ದೊಡ್ಡವರಿಗೆ ದಿನಕ್ಕೆ 5 ಗ್ರಾಮಿಗಿಂತ ಕಡಿಮೆ ಉಪ್ಪು ಸಾಕು ಎಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ವಡಿಯಲ್ಲಿ ತಲೆಗೆ 1.4 ಗ್ರಾಂ ಬೀಳುತ್ತದೆ. ಅದನ್ನು ಇನ್ನೂ ಇಳಿಸಹೋದರೆ ಪ್ರೋಟೀನು ಕರಗದೆ ವಡಿ ಉದುರುತ್ತದೆ, ಮತ್ತೆ ಹಿಟ್ಟಿನ ಮೊರೆ ಹೋಗಬೇಕು. ಆದ್ದರಿಂದ ರಕ್ತದೊತ್ತಡದವರಿರುವ ಮನೆಯಲ್ಲಿ ಉಪ್ಪು ಕಡಿತವಾಗಬೇಕಾದದ್ದು ಸಾರಿನಲ್ಲಿ, ಪಕ್ಕಕ್ಕೆ ಬಡಿಸುವ ಉಪ್ಪಿನಕಾಯಿ, ಹಿಂಡಿಯಲ್ಲಿ. ಜೋಳದ ರೊಟ್ಟಿಗೆ ಉಪ್ಪೇ ಇಲ್ಲದಿರುವುದು ಇಲ್ಲಿ ಅನುಕೂಲವಾಯಿತು. ಜೊತೆಗೆ ಪುಂಡಿಪಲ್ಯ, ಹಸಿ ಉಳ್ಳಾಗಡ್ಡಿ, ಸೌತೆಕಾಯಿ ಇದ್ದರೆ ಊಟ ತುಂಬಿತು.

ಗೆಂಡೆಗಳು ಮೊಟ್ಟೆ ಇಡುವ ಕಾಲ ಜೂನಿನಿಂದ ಆಗಸ್ಟ್‌. ಆಗ ಮೀನಿನ ಸತ್ವವೆಲ್ಲ ಮೊಟ್ಟೆಗೆ ಹೋಗಿ ತಿರುಳು ನೀರಾಗಿರುತ್ತದೆ, ವಡಿ ಗಟ್ಟಿ ಬರುವುದಿಲ್ಲ. ಶ್ರಾವಣದಲ್ಲಿ ಒಲೆಗೆ ಮೀನು ತಾರದ ಮನೆಗಳು ಈ ಸೀಮೆಯಲ್ಲಿ ಬಹಳ. ಕಾರಣ ಬೇರೆಯಾದರೂ ಮೀನಿಗೂ ಅಡುಗೆಗೂ ಅದರಿಂದ ಒಳಿತೇ. ಮಳೆ ಕಳೆದು ನೀರು ತಿಳಿಯಾದ ಮೇಲೆ, ನವೆಂಬರಿನಿಂದ ಫೆಬ್ರವರಿಯವರೆಗೆ ತಿರುಳು ಗಟ್ಟಿ, ಹವೆಯೂ ತಂಪು. ಬೆಂದ ದಿಂಡನ್ನು ಹೋಳು ಮಾಡದೆ ಬಟ್ಟೆ ಸಮೇತ ಫ್ರಿಜ್ಜಿನಲ್ಲಿಟ್ಟರೆ ಎರಡು ದಿನ ಇರುತ್ತದೆ. ಫ್ರಿಜ್ಜಿಲ್ಲದ ಮನೆಯಲ್ಲಿ ಮಾಡಿದ ಹೊತ್ತಿಗೇ ಮುಗಿಸಬೇಕು.